ಸಿನಿಮಾಕ್ಕೆ ಹೋದ ಕೈ

“ಅವ್ವ, ಯರ್ರಮ್ಮಜ್ಜಿ ಕೈ ಮಾತ್ರ ಸಿನಿಮಾದಾಗೆ ಐತಂತೆ. ಮಿಕ್ಕಿದ್ದ ಅಜ್ಜಿ ಆವಾಗ ಎಲ್ಲಿದ್ಲು?”

ಹರಿಪ್ರಿಯಾ ಹೀಗೆ ಕೇಳಿದ್ದು ನಾವು ಬೆಂಗಳೂರಿಗೆ ಹೋಗುವ ಹಿಂದಿನ ವಾರ, ನಾನು ಅವಳ ಜಡೆ ಹೆಣೆಯುತ್ತಿದ್ದಾಗ. ಒಂದನೇ ಕ್ಲಾಸಿನ ಹುಡುಗಿ. ನನ್ನ ಬಾಯಲ್ಲಿ ರಿಬ್ಬನ್ ಇತ್ತು. ಅದನ್ನು ಕಟ್ಟಿ ಮುಗಿಸಿ, “ಅಲ್ಲೇ ಇದ್ಲು ಕಣೇ, ಕೈ ಹಿಂದೆ,” ಅಂದೆ. ಅವಳಿಗೆ ಅದು ಸಾಕಾಗಲಿಲ್ಲ. ಶಾಲೆಯ ದಾರಿಯುದ್ದಕ್ಕೂ ಎರಡು ಕೈ ಮುಂದೆ ಚಾಚಿ, ತಲೆ ಹಿಂದಕ್ಕೆ ಎಳೆದುಕೊಂಡು, ಮಿಕ್ಕಿದ್ದ ತಾನು ಎಲ್ಲಿದ್ದೇನೆ ಅಂತ ನೋಡಿಕೊಳ್ಳುತ್ತಾ ನಡೆದಳು.

ಆ ಪ್ರಶ್ನೆಗೆ ಈಗ ಕೂತು ಉತ್ತರ ಬರೆಯುತ್ತಿದ್ದೇನೆ. ದೊಡ್ಡವಳಾದ ಮೇಲೆ ಓದಿಕೊಳ್ಳಲಿ.

ಮೊಳಕಾಲ್ಮೂರಿನ ನಮ್ಮ ಬೀದಿಯಲ್ಲಿ ಮಗ್ಗವಿಲ್ಲದ ಮನೆ ಒಂದೇ, ಅದು ಯರ್ರಮ್ಮನದು. ಆದರೆ ಆಕೆ ಬರದೆ ಯಾರ ಮನೆಯ ಮಗ್ಗವೂ ಮುಂದಕ್ಕೆ ಹೋಗುವುದಿಲ್ಲ. ಮಗ್ಗದ ಮೇಲೆ ಉದ್ದಕ್ಕೆ ಬಿಗಿದ ಎಳೆಗಳ ಹಾಸು ನೇಯ್ದು ಮುಗಿಯುತ್ತಾ ಬಂದಾಗ ಅದರ ತುದಿಯನ್ನು ಬಾಚಣಿಗೆಯಂಥ ಹಣಿಗೆಯಲ್ಲಿ ಹಾಗೇ ಬಿಟ್ಟಿರುತ್ತೇವೆ. ಹೊಸ ಹಾಸು ತಂದು, ಹಳೆಯ ಒಂದೊಂದು ಎಳೆಗೂ ಹೊಸ ಒಂದೊಂದು ಎಳೆ ಸೇರಿಸಿ, ಬೂದಿ ಮುಟ್ಟಿದ ಬೆರಳಲ್ಲಿ ಹೊಸೆದು ಒಂದು ಮಾಡಬೇಕು. ಗಂಟು ಹಾಕುವಂತಿಲ್ಲ, ಗಂಟಾದರೆ ಹಣಿಗೆಯಲ್ಲಿ ಸಿಕ್ಕಿಕೊಳ್ಳುತ್ತದೆ. ಕೂದಲಿಗಿಂತ ಸಣ್ಣ ರೇಷ್ಮೆ, ಸಾವಿರಾರು ಎಳೆ. ಯರ್ರಮ್ಮ ಕಾಲು ಮಡಚಿ ಕೂತರೆ ಬೆರಳು ಒಂದು ಕಡೆ ಓಡುತ್ತದೆ, ಬಾಯಿ ಇನ್ನೊಂದು ಕಡೆ. ಬೀದಿಯ ಸುದ್ದಿಯೆಲ್ಲ ಮನೆಯಿಂದ ಮನೆಗೆ ಹೋಗುವುದು ಆಕೆಯ ಜೊತೆಗೇ.

ಜೋಡಣೆ ಮುಗಿದ ಮೇಲೆ ಹಾಸನ್ನು ಮುಂದಕ್ಕೆ ಎಳೆದುಕೊಂಡು ಸೀರೆ ಶುರು ಮಾಡುತ್ತೇವೆ. ಸೀರೆ ಕತ್ತರಿಸಿ ತೆಗೆಯುವಾಗ ಆ ಜೋಡಣೆಯಿರುವ ಗೇಣುದ್ದ ತುಂಡು ಬೇರೆಯಾಗಿ ಹೋಗುತ್ತದೆ. ಅದರಲ್ಲಿ ಮಕ್ಕಳು ಬೊಂಬೆಗೆ ಜಡೆ ಮಾಡುತ್ತಾರೆ. ಹರಿಪ್ರಿಯಾಳ ಬೊಂಬೆಗೆ ಮೂರು ಬಣ್ಣದ ಜಡೆಯಿದೆ.

ನಾನು ಚಳ್ಳಕೆರೆಯವಳು. ನಮ್ಮ ತಾತನ ಕಾಲಕ್ಕೇ ಮಗ್ಗ ಬಿಟ್ಟು ನಮ್ಮವರು ಎಣ್ಣೆ ಮಿಲ್ಲಿನ ಕೆಲಸಕ್ಕೆ ಹೊಂದಿಕೊಂಡಿದ್ದರು. ಮದುವೆಯಾಗಿ ಬಂದ ಹೊಸದರಲ್ಲಿ ಹಾಸು ಯಾವುದು, ಹೊಕ್ಕು ಯಾವುದು ಅನ್ನುವುದೂ ನನಗೆ ಗೊತ್ತಿರಲಿಲ್ಲ. ಯರ್ರಮ್ಮನೇ ಪಕ್ಕದಲ್ಲಿ ಕೂರಿಸಿಕೊಂಡು, “ಅಮ್ಮಾಯಿ, ಇಟು ಚೂಡು, ಇಲ್ಲಿ ನೋಡು,” ಅಂತ ಅರ್ಧ ತೆಲುಗು ಅರ್ಧ ಕನ್ನಡದಲ್ಲಿ ಹೇಳಿಕೊಟ್ಟರು. ಅಂದಿನಿಂದ ನಾನು ಅವರನ್ನು ತೆಲುಗಿನಲ್ಲೇ ಪೆದ್ದಮ್ಮ, ಅಂದರೆ ದೊಡ್ಡಮ್ಮ, ಅಂತ ಕರೆಯುತ್ತೇನೆ. ಅವರ ಗಂಡ ಚಿಕ್ಕೀರಪ್ಪ ಕೂಲಿ ಮಗ್ಗ ನೇಯುತ್ತಿದ್ದವರು. ಜ್ವರದಲ್ಲಿ ಹೋಗಿಬಿಟ್ಟರು. ಆ ವಾರವೇ ಆ ಮಗ್ಗ ಅದನ್ನು ಕೊಟ್ಟಿದ್ದ ಧಣಿಯ ಮನೆಗೆ ವಾಪಸು ಹೋಯಿತಂತೆ. “ಮಗ್ಗ ತಗೊಂಡು ಹೋದ್ರು, ಬೆರಳು ಬಿಟ್ಟೋದ್ರು,” ಎಂದು ಯರ್ರಮ್ಮ ಅದನ್ನೂ ನಗುತ್ತಲೇ ಹೇಳುತ್ತಾರೆ. ಆ ಬೆರಳಲ್ಲೇ ಮಗಳನ್ನು ಬೆಳೆಸಿ ರಾಯದುರ್ಗಕ್ಕೆ ಕೊಟ್ಟರು.

ಹೋದ ವರ್ಷ ಮಳೆಗಾಲಕ್ಕೆ ಮುಂಚೆ ಬೆಂಗಳೂರಿನಿಂದ ಸ್ವಪ್ನ ಮೇಡಂ ಸಿನಿಮಾ ತೆಗೆಯಲು ಬಂದರು. ಡೈರೆಕ್ಟರ್ ಅಂದರೆ ಕಪ್ಪು ಕನ್ನಡಕದ ಗಂಡಸು ಅಂದುಕೊಂಡಿದ್ದ ನಮ್ಮ ಬೀದಿಗೆ, ಹವಾಯಿ ಚಪ್ಪಲಿ ಹಾಕಿಕೊಂಡು ನಲ್ಲಿ ನೀರು ಕುಡಿಯುವ ನನ್ನ ವಯಸ್ಸಿನ ಹುಡುಗಿಯನ್ನು ನೋಡಿ ನಿರಾಸೆಯೇ ಆಯಿತು. ನೇಕಾರ ಹೆಣ್ಣುಮಗಳೊಬ್ಬಳ ಕಥೆಯಂತೆ. ನಮ್ಮ ಮನೆಯ ಮಗ್ಗ ಕೇಳಿದರು. ನನ್ನ ಗಂಡ ಚೌಡೇಶ ಎರಡು ದಿನ ಗೊಣಗಿ ಮೂರನೇ ದಿನ ತಾನೇ ವೈರು ಹಿಡಿದುಕೊಂಡು ಓಡಾಡತೊಡಗಿದ.

ಹೀರೋಯಿನ್ ಲಾಳಿ ಎಸೆಯುವುದನ್ನು ಹೇಗೋ ಕಲಿತರು. ಜೋಡಿಸುವುದು ಮಾತ್ರ ಬರಲಿಲ್ಲ. ಆಕೆ ಹೊಸೆದ ಎಳೆ ಉಸಿರು ತಾಗಿದರೆ ಬಿಟ್ಟುಕೊಳ್ಳುತ್ತಿತ್ತು. ಕೊನೆಗೆ ಮುಖ ಹೀರೋಯಿನ್‌ದು, ಕೈ ಯರ್ರಮ್ಮನದು ಎಂದು ತೀರ್ಮಾನವಾಯಿತು. ಯರ್ರಮ್ಮನ ಬಲಗೈ ಮೇಲೆ ಒಂದು ಚೇಳಿನ ಹಚ್ಚೆಯಿದೆ. ಮೇಕಪ್ಪಿನವನು ಅದರ ಮೇಲೆ ಬಣ್ಣ ಬಳಿಯಲು ಬಂದಾಗ ಯರ್ರಮ್ಮ ಕೈ ಹಿಂದಕ್ಕೆ ಎಳೆದುಕೊಂಡರು.

“ಇದು ನಮ್ಮವ್ವ ಹಾಕ್ಸಿದ್ದು. ಮುಚ್ಚಕ್ಕೆ ಬಿಡಲ್ಲ. ಬೇಕಾದ್ರೆ ಆಯಮ್ಮನಿಗೂ ಒಂದು ಹಾಕ್ರಿ.”

ಹಾಗೇ ಆಯಿತು. ದಿನಾ ಬೆಳಿಗ್ಗೆ ಹೀರೋಯಿನ್ ಕೈ ಮೇಲೆ ಒಂದು ಚೇಳು ಬರೆಯುವುದು, ಮಧ್ಯಾಹ್ನದ ಹೊತ್ತಿಗೆ ಬೆವರಿಗೆ ಅದು ಕರಗುವುದು. “ನಿಮ್ಮ ಚೇಳಿಗೆ ಎರಡು ಕಾಲು ಕಮ್ಮಿ ಆಗವೆ, ನೋಡ್ಕಳ್ರಮ್ಮ,” ಎಂದು ಯರ್ರಮ್ಮ ಹೋಗಿ ಹೋಗಿ ಹೇಳುತ್ತಿದ್ದರು.

ನಿಜವಾದ ಫಜೀತಿ ಶುರುವಾದದ್ದು ಜೋಡಣೆಯ ಶೂಟಿಂಗ್‌ನಲ್ಲಿ. ಮಗ್ಗದಲ್ಲಿ ಹಸಿರು ಹಾಸು ಮುಗಿದಿತ್ತು, ಕೆಂಪು ಏರಿಸಬೇಕಿತ್ತು. ಯರ್ರಮ್ಮ ಬೂದಿ ಮುಟ್ಟಿ ಮೊದಲನೇ ಎಳೆ ಹೊಸೆದರು. ಮೇಡಂ ನಿಲ್ಲಿಸಿದರು.

“ಅಮ್ಮ, ಬೆಳಕು ಸರಿಯಾಗಿ ಬರಲಿಲ್ಲ. ಅದೇ ಎಳೆ ಇನ್ನೊಂದು ಸಲ ಜೋಡಿಸಿ.”

“ಅದು ಆತಲ್ಲಮ್ಮ.”

“ಬಿಚ್ಚಿ ಮತ್ತೆ ಮಾಡಿ.”

“ಜೋಡ್ಸಿದ್ದನ್ನ ಬಿಚ್ತಾರಾ ಯಾರಾದ್ರೂ? ಮುಂದಿಂದು ಮಾಡ್ತೀನಿ, ಅದನ್ನ ತಕ್ಕಳ್ರಿ.”

“ಹೋಗಲಿ, ಸುಮ್ಮನೆ ಜೋಡಿಸೋ ಥರ ಮಾಡಿ.”

“ಥರ ಮಾಡಕ್ಕೆ ಆಯಮ್ಮ ಇದಾಳಲ್ಲ,” ಎಂದು ಯರ್ರಮ್ಮ ಹೀರೋಯಿನ್ ಕಡೆ ಗಲ್ಲ ತಿರುಗಿಸಿದರು. “ನನಗೆ ಮಾಡಕ್ಕೆ ಬರ್ತೈತೆ, ಥರ ಬರಲ್ಲ.”

ಹೀರೋಯಿನ್ ನಕ್ಕು ನಕ್ಕು ಗೋಡೆಗೆ ಒರಗಿದರು. ಮೇಡಂ ಪ್ರತಿಸಲ ನಿಲ್ಲಿಸಿದಾಗಲೂ ಯರ್ರಮ್ಮ ಒಂದೊಂದು ಎಳೆ ಮುಂದಕ್ಕೆ ಹೋಗುತ್ತಿದ್ದರು. ಹೀಗೇ ಆದರೆ ಸರಿಯಾದ ಒಂದು ಶಾಟು ಸಿಗುವ ಮುಂಚೆ ಹಾಸೇ ಮುಗಿದುಹೋಗುತ್ತದೆ ಎಂದು ಕ್ಯಾಮೆರಾದವರು ಹೇಳಿದರು. ಕೊನೆಗೆ ಮೇಡಂ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು, “ಸರಿಯಮ್ಮ, ನೀವು ಎದ್ದೇಳೋ ತನಕ ನಾವು ನಿಲ್ಲಿಸಲ್ಲ. ನಡೀರಿ,” ಅಂದರು. ಯರ್ರಮ್ಮ ನಡೆದರು. ಕೈಯೂ ನಡೆಯಿತು, ಬಾಯಿಯೂ ನಡೆಯಿತು. ಪಕ್ಕದ ಮನೆಯ ಜಯಕ್ಕನ ಸೊಸೆ ತವರಿಗೆ ಹೋಗಿದ್ದು ಯಾಕೆ ಅನ್ನುವುದೆಲ್ಲ ಆವತ್ತು ರೆಕಾರ್ಡಾಗಿದೆ.

ಯೂನಿಟ್ಟು ಹೋದ ಮೇಲೆ ಯರ್ರಮ್ಮನ ಬಿಂಕ ನೋಡಬೇಕಿತ್ತು. ಇಟ್ಟಿಗೆ ಪುಡಿಯಲ್ಲಿ ಪಾತ್ರೆ ತಿಕ್ಕುವುದು ಬಿಟ್ಟರು. ಬೆಳಿಗ್ಗೆ ಸಂಜೆ ಕೈಗೆ ಕೊಬ್ಬರಿ ಎಣ್ಣೆ. ನಲ್ಲಿಯ ಹತ್ತಿರ ಕೊಡ ಎತ್ತಲು ನನ್ನನ್ನು ಕರೆಯುವುದು. “ಅವರು ಮತ್ತೆ ಬಂದ್ರೆ ಕೈ ಹಿಂಗಿರ್ಬೇಕಲ್ಲ ಅಮ್ಮಾಯಿ.”

ಜಯಕ್ಕ ಬಿಡುವವಳೇ? ಒಂದು ದಿನ ನಲ್ಲಿಯಲ್ಲಿ ಎಲ್ಲರ ಎದುರಿಗೆ ಶುರು ಮಾಡಿದಳು. “ಮುಖ ಚೆನ್ನಾಗಿದ್ದಿದ್ರೆ ಮುಖನೇ ತೆಗೀತಿದ್ರು.”

“ನಿನ್ನ ಮುಖ ಚೆನ್ನಾಗೈತಲ್ಲ, ನಿನ್ನ ಯಾಕೆ ಕರೀಲಿಲ್ಲ?”

“ಕರ್ದಿದ್ರೂ ಹೋಗ್ತಿರ್ಲಿಲ್ಲ ಬಿಡು. ತೆಗ್ದಿದ್ರಾಗೆ ಅರ್ಧಕ್ಕರ್ಧ ಕತ್ತರಿಸಿ ಬಿಸಾಕ್ತಾರಂತೆ. ನಿನ್ನ ಕೈ ಯಾವ ತಿಪ್ಪೇಲಿ ಬಿದ್ದೈತೋ.”

ಯರ್ರಮ್ಮ ಆವತ್ತು ನನ್ನನ್ನು ಕರೆಯದೆ ಕೊಡ ತಾವೇ ಎತ್ತಿಕೊಂಡು ಹೊರಟುಬಿಟ್ಟರು. ಸಂಜೆ ನಮ್ಮ ಜಗುಲಿಗೆ ಬಂದು ಕೂತರು. ಹರಿಪ್ರಿಯಾ ಬೊಂಬೆ ಆಡುತ್ತಿದ್ದಳು. ಯರ್ರಮ್ಮ ಆ ಬೊಂಬೆಯ ಜಡೆಯನ್ನು ಬೆರಳಲ್ಲಿ ಹಿಡಿದು ನೋಡಿದರು.

“ಇದು ನಿಮ್ಮ ಹೋದ ದಸರಾ ಹಾಸು. ಇದು ಅದರ ಹಿಂದಿಂದು. ನನ್ನ ಜೋಡಣೆ ಇಲ್ಲೇ ಐತೆ ನೋಡು. ಇಷ್ಟು ವರ್ಷ ಈ ಊರ ಸೀರೆಗೆಲ್ಲ ಕೈ ಹಚ್ಚಿದೀನಿ, ಒಂದು ಸೀರೇಲಾದ್ರೂ ನಾನು ಮುಟ್ಟಿದ ಜಾಗ ಐತಾ ಅಮ್ಮಾಯಿ? ಕತ್ತರಿಸೋದೇ ಅಲ್ವಾ. ಸಿನಿಮಾದಾಗಾದ್ರೂ ಇಟ್ಕಂತಾರೇನೋ ಅಂದ್ಕಂಡಿದ್ದೆ.”

ಅಷ್ಟೇ ಹೇಳಿದ್ದು. ಆಮೇಲೆ ಅದರ ಮಾತೇ ಎತ್ತಲಿಲ್ಲ. ಆದರೆ ನಮ್ಮ ಮನೆಯ ಫೋನು ಬಡಿದರೆ ಅವರ ಮನೆಯ ಬಾಗಿಲು ತೆರೆಯುತ್ತಿತ್ತು.

ಆ ಫೋನು ಬಂದದ್ದು ಸಂಕ್ರಾಂತಿಯ ಆಸುಪಾಸು. ಸ್ವಪ್ನ ಮೇಡಂ. ಬೆಂಗಳೂರಿನಲ್ಲಿ ವರ್ಷಾ ವರ್ಷ ಅಂತರರಾಷ್ಟ್ರೀಯ ಚಿತ್ರೋತ್ಸವ ನಡೆಯುತ್ತದಲ್ಲ, ಅದರಲ್ಲಿ ನಮ್ಮ ಸಿನಿಮಾ ತೋರಿಸುತ್ತಾರಂತೆ. ಯರ್ರಮ್ಮನಿಗೆ ಪಾಸು ಮಾಡಿಸುತ್ತಾರಂತೆ, ಜೊತೆಗೆ ನಾನೂ ಮಗಳೂ ಬರಬೇಕಂತೆ. ನಾನು ರಿಸೀವರ್ ಕೊಟ್ಟೆ. ಯರ್ರಮ್ಮ ನಮಸ್ಕಾರ ಹೇಳಲಿಲ್ಲ, ಏನೂ ಇಲ್ಲ.

“ನನ್ನ ಕೈ ಐತಾ?”

ಅತ್ತ ಕಡೆಯಿಂದ ನಗು ಕೇಳಿಸಿತು. “ಸಿನಿಮಾ ಬಹಳ ಉದ್ದ ಆಗಿತ್ತಮ್ಮ, ಸುಮಾರು ಕತ್ತರಿಸಿದ್ವಿ. ನೀವೇ ಬಂದು ನೋಡಿ, ನಾನು ಹೇಳಲ್ಲ.”

ಯರ್ರಮ್ಮ ಫೋನು ಕೈಯಲ್ಲೇ ಹಿಡಿದು ನನ್ನ ಮುಖ ನೋಡಿದರು. “ನಗ್ತಾವ್ಳೆ. ನಕ್ರೆ ಒಳ್ಳೇದೋ ಕೆಟ್ಟದ್ದೋ?”

ಪಾಸಿಗೆ ಫೋಟೋ ಬೇಕಿತ್ತು. ಬಸ್ ಸ್ಟ್ಯಾಂಡ್ ಹತ್ತಿರದ ನಾಗಭೂಷಣನ ಸ್ಟುಡಿಯೋಗೆ ಹೋದೆವು. ಯರ್ರಮ್ಮ ಸ್ಟೂಲಿನ ಮೇಲೆ ಕೂತು ಎರಡು ಕೈಯನ್ನೂ ಮುಂದೆ ಇಟ್ಟರು.

“ಕೈ ಕೆಳಗಿಳಿಸ್ರಿ, ಮುಖ ಕಾಣಲಿ,” ಅಂದ ನಾಗಭೂಷಣ.

“ಸಿನಿಮಾದಾಗಿರೋದು ಕೈ ಕಣಪ್ಪ. ಬಾಗಿಲಾಗೆ ಅವರು ಮುಖ ನೋಡಿ ಇವಳು ಯಾರೋ ಅಂದ್ರೆ?”

ಅರ್ಧ ಗಂಟೆ ವಾದ. ಕೊನೆಗೆ ಗಲ್ಲದ ಎರಡೂ ಕಡೆ ಕೈ ಇಟ್ಟುಕೊಂಡು ತೆಗೆಸಿದರು, ಚೇಳು ಕಾಣುವ ಹಾಗೆ. ಪಾಸಿನಲ್ಲಿ ಅದೇ ಫೋಟೋ ಬಂದಿದೆ. ಯಾರೋ ಹೆದರಿಸಿದ ಹಾಗಿದೆ, ಆದರೆ ಚೇಳು ಸ್ಪಷ್ಟ.

ಹೊರಡುವ ದಿನ ಬೆಳಿಗ್ಗೆ ಬಸ್ಸಿಗೆ ಚಿತ್ರಾನ್ನ, ಎರಡು ಬಾಟಲಿ ನೀರು, ಹರಿಪ್ರಿಯಾಳಿಗೆ ಒಂದು ಸ್ವೆಟರು, ಅವಳ ಬೊಂಬೆ, ವಾಂತಿಗೆ ನಿಂಬೆಹಣ್ಣು ಎಲ್ಲ ಕಟ್ಟಿಕೊಂಡೆ. ನಿಂಬೆಹಣ್ಣು ಮೂಸಿದ್ದು ಹರಿಪ್ರಿಯಾ ಅಲ್ಲ, ನಾನು. ಯರ್ರಮ್ಮ ಕಿಟಕಿಯ ಪಕ್ಕ ಕೂತರು. ಚಳ್ಳಕೆರೆ ದಾಟಿತು, ಹಿರಿಯೂರು ದಾಟಿತು, ತುಮಕೂರು ದಾಟಿತು, ಕೈ ಮಡಿಲಲ್ಲಿ ಇಟ್ಟುಕೊಂಡವರು ತೆಗೆಯಲಿಲ್ಲ.

ಬೆಂಗಳೂರಲ್ಲಿ ನನ್ನ ತಂಗಿ ರೂಪ ಬಸ್ ಸ್ಟ್ಯಾಂಡಿಗೆ ಬಂದು ಚಿತ್ರೋತ್ಸವ ನಡೆಯುವ ಮಾಲಿನ ಬಾಗಿಲ ತನಕ ಬಿಟ್ಟುಹೋದಳು. ಒಳಗೆ ಒಂದು ಜಾತ್ರೆಯೇ, ಆದರೆ ದೇವರಿಲ್ಲ. ಒಂದೇ ಕಟ್ಟಡದಲ್ಲಿ ಹಲವು ಪರದೆ. ಕೊರಳಿಗೆ ಪಾಸು ಹಾಕಿಕೊಂಡ ಮಂದಿ ಪುಸ್ತಕದಲ್ಲಿ ಹೊತ್ತು ನೋಡಿಕೊಂಡು ಈ ಬಾಗಿಲಿಂದ ಆ ಬಾಗಿಲಿಗೆ ಓಡುತ್ತಿದ್ದರು. ಜೋಳಿಗೆ ಚೀಲದ ಹುಡುಗರು, ಬೆಳ್ಳಗಿನ ಗಡ್ಡದವರು, ಬೇರೆ ದೇಶದವರು. ಯಾರೋ ಮಂಜಿನ ದೇಶದ ಸಿನಿಮಾ ನೋಡಿ ಅಳುತ್ತಾ ಹೊರಗೆ ಬಂದು, ಕಣ್ಣು ಒರೆಸಿಕೊಂಡು, ನೇರ ಇನ್ನೊಂದು ಸಾಲಿಗೆ ನಿಂತರು. ನಮ್ಮ ಸಾಲು ಮೆಟ್ಟಿಲ ತನಕ ಬೆಳೆದಿತ್ತು. ಇಷ್ಟು ಜನ ನಮ್ಮ ಮನೆಯ ಮಗ್ಗ ನೋಡಲು ನಿಂತಿದ್ದಾರೆ ಎಂದು ನನ್ನ ಕಾಲು ನೆಲದ ಮೇಲೆ ನಿಲ್ಲಲಿಲ್ಲ.

ಹಿಂದೆ ನಿಂತಿದ್ದ ಕಾಲೇಜು ಹುಡುಗಿ ಕೇಳಿದಳು, “ಅಜ್ಜಿ, ನೀವು ಯಾವ ಸಿನಿಮಾಗೆ ನಿಂತಿರೋದು?”

“ನಂದಕ್ಕೆ.”

“ನಿಮ್ಮದಾ? ಯಾವ ದೇಶದ್ದು?”

“ಮೊಳಕಾಲ್ಮೂರಿಂದು.”

ಒಳಗೆ ಹೋಗುವಷ್ಟರಲ್ಲಿ ಸೀಟು ತುಂಬಿಬಿಟ್ಟಿದ್ದವು. ಸ್ವಪ್ನ ಮೇಡಂ ಎಲ್ಲಿಂದಲೋ ಓಡಿಬಂದು ಕಟ್ಟಕಡೆಯ ಸಾಲಿನಲ್ಲಿ ಜಾಗ ಮಾಡಿಸಿದರು. ಸಿನಿಮಾದ ಬೆಳಕು ಪರದೆಗೆ ಹೋಗುವ ಕಿಂಡಿ ನಮ್ಮ ತಲೆಯ ಮೇಲೆಯೇ. ಯರ್ರಮ್ಮ ಅವರ ಕೈ ಹಿಡಿದು ಏನೋ ಕೇಳಬೇಕೆಂದುಕೊಂಡರು, ದೀಪ ಆರಿತು.

ಮೊದಲು ಕಂಡದ್ದು ನಮ್ಮ ಬೀದಿ. ಹರಿಪ್ರಿಯಾ ಸೀಟಿನ ಮೇಲೆ ನಿಂತಳು. ನಮ್ಮ ಬಾಗಿಲು, ನಮ್ಮ ಬಿಂದಿಗೆ, ಒಂದು ಗಳಿಗೆ ಚೌಡೇಶನ ಬೆನ್ನು. ಹೀರೋಯಿನ್ ಮಗ್ಗಕ್ಕೆ ಕೂತರು, ಎದ್ದರು, ಅತ್ತರು. ದೇವಸಮುದ್ರದ ಗುಡ್ಡದಲ್ಲಿ ಕುರಿ ಹೋದವು. ಹೀರೋಯಿನ್ ಬೂದಿಯ ಬಟ್ಟಲು ಹತ್ತಿರಕ್ಕೆ ಎಳೆದುಕೊಂಡರು. ನಾನು ಯರ್ರಮ್ಮನ ಮೊಣಕೈ ಹಿಡಿದೆ. ದೃಶ್ಯ ಬದಲಾಯಿತು, ಮತ್ತೆ ಕುರಿ.

“ಕತ್ತರಿಸ್ಯಾರೆ,” ಅಂದರು ಯರ್ರಮ್ಮ, ಪಿಸುಮಾತಲ್ಲಿ.

“ಇರು ಪೆದ್ದಮ್ಮ, ಇನ್ನೂ ಐತೆ ಸಿನಿಮಾ.”

“ಬೂದಿ ಮುಟ್ಟಿದ ಮೇಲೆ ಜೋಡಿಸ್ಬೇಕಲ್ಲ ಅಮ್ಮಾಯಿ. ಕುರಿ ಯಾಕೆ ಬರ್ತಾವೆ?”

ಆಮೇಲಿನ ಸಿನಿಮಾ ನಾನು ನೋಡಲೇ ಇಲ್ಲ, ಯರ್ರಮ್ಮನ ಮುಖವನ್ನೇ ನೋಡುತ್ತಿದ್ದೆ. ಗಂಡ ಹೋದದ್ದನ್ನು ನಗುತ್ತಾ ಹೇಳುವ ಆ ಮುಖ ಕಲ್ಲಾಗಿತ್ತು. ವಾಪಸು ಹೋಗಿ ಜಯಕ್ಕನಿಗೆ ಏನು ಹೇಳುವುದು ಎಂದು ನಾನೇ ಮಾತು ಜೋಡಿಸತೊಡಗಿದ್ದೆ.

ಇದ್ದಕ್ಕಿದ್ದಂತೆ ಆ ಮುಖದ ಮೇಲೆ ಕೆಂಪು ಬೆಳಕು ಬಿತ್ತು. ತಿರುಗಿ ನೋಡಿದೆ. ಪರದೆಯ ಈ ಅಂಚಿನಿಂದ ಆ ಅಂಚಿಗೆ ಒಂದು ಕಡೆ ಹಸಿರು ಎಳೆ, ಒಂದು ಕಡೆ ಕೆಂಪು ಎಳೆ, ನಡುವೆ ಎರಡು ಕೈ. ಒಂದೊಂದು ಬೆರಳೂ ಆಳೆತ್ತರ. ಚೇಳು ಕುರಿಮರಿಯಷ್ಟು ದೊಡ್ಡದು, ಎಂಟು ಕಾಲೂ ಇದ್ದವು. ಕೈ ಬೂದಿ ಮುಟ್ಟಿತು, ಹಸಿರು ಹಿಡಿಯಿತು, ಕೆಂಪು ಹಿಡಿಯಿತು, ಹೊಸೆಯಿತು, ಬಿಟ್ಟಿತು. ಮತ್ತೊಂದು. ಮತ್ತೊಂದು. ಕತ್ತರಿಸಿರಲಿಲ್ಲ. ಎಲ್ಲೂ ನಿಲ್ಲಲಿಲ್ಲ. ಸಂಗೀತವೂ ಇಲ್ಲ, ರೇಷ್ಮೆ ಬೆರಳಿಗೆ ಉಜ್ಜುವ ಸದ್ದು ಮಾತ್ರ. ಅಷ್ಟು ದೊಡ್ಡ ಸಭೆಯಲ್ಲಿ ಒಬ್ಬರೂ ಕೆಮ್ಮಲಿಲ್ಲ.

ಯರ್ರಮ್ಮ ಎದ್ದು ನಿಂತರು. ಎರಡು ಕೈಯನ್ನೂ ಮೇಲೆತ್ತಿ, ಅದೇ ಹೌದೋ ಅಲ್ಲವೋ ಎಂದು ಪರದೆಗೆ ಹೋಲಿಸಿ ನೋಡತೊಡಗಿದರು. ಕಿಂಡಿಯ ಬೆಳಕಿಗೆ ಕೈ ಅಡ್ಡ ಬಂದು, ಪರದೆಯ ಮೇಲಿನ ಕೈಗಳ ಮೇಲೆ ಅವರ ಕೈಗಳದೇ ನೆರಳು ಬಿತ್ತು. ಸಭೆಯೆಲ್ಲ ಹಿಂದಕ್ಕೆ ತಿರುಗಿತು.

“ಯಾರ್ರೀ ಅದು, ಕೈ ಇಳಿಸ್ರೀ,” ಎಂದು ಮುಂದಿನ ಸಾಲಿನವರು ಗದರಿದರು.

“ಅದು ನಮ್ಮಜ್ಜಿ ಕೈ,” ಅಂದಳು ಹರಿಪ್ರಿಯಾ, ಸೀಟಿನ ಮೇಲೆ ನಿಂತೇ.

“ಅದಕ್ಕೇ ಇಳಿಸು ಅಂತಿರೋದು ಮಗು.”

“ಇದಲ್ಲ. ಅದು. ಅಲ್ಲಿರೋದು.”

ಅವರು ಪರದೆ ನೋಡಿದರು. ಯರ್ರಮ್ಮನ ಕೈ ನೋಡಿದರು. ಚೇಳು ನೋಡಿದರು. ಮತ್ತೆ ಪರದೆ ನೋಡಿ, ಪಕ್ಕದವರಿಗೆ ಏನೋ ಹೇಳಿದರು. ಆ ಮಾತು ಸಾಲಿನಿಂದ ಸಾಲಿಗೆ ಕೆಳಕ್ಕೆ ಇಳಿದು ಹೋಗುವುದು ಕತ್ತಲಲ್ಲೂ ಗೊತ್ತಾಗುತ್ತಿತ್ತು. ನಾನು ಸೆರಗು ಹಿಡಿದು ಎಳೆದು ಯರ್ರಮ್ಮನನ್ನು ಕೂರಿಸಿದೆ. ಅವರಿಗೆ ಒಂದೇ ಚಿಂತೆ.

“ಆಯಮ್ಮ ಯಾಕೆ ಬಾಯಿ ಮುಚ್ಕೊಂಡು ಜೋಡಿಸ್ತಾಳೆ? ನನ್ನ ಮಾತೆಲ್ಲ ಎಲ್ಲೋಯ್ತು?”

“ಜಯಕ್ಕನ ಪುಣ್ಯ ಪೆದ್ದಮ್ಮ, ಅದನ್ನ ಮಾತ್ರ ಕತ್ತರಿಸ್ಯಾರೆ.”

ಯರ್ರಮ್ಮನ ನಗು ಬಂತು ನೋಡಿ, ಆ ಸದ್ದಿಲ್ಲದ ದೃಶ್ಯದ ನಟ್ಟನಡುವೆ. ಸಿನಿಮಾ ಆ ಕೈಗಳ ಮೇಲೆಯೇ ಮುಗಿಯಿತು. ಕೊನೆಯಲ್ಲಿ ಹೆಸರುಗಳು ಏರತೊಡಗಿದಾಗ ಹರಿಪ್ರಿಯಾ ಒಂದೊಂದೇ ಅಕ್ಷರ ಕೂಡಿಸಿ ಓದುತ್ತಿದ್ದಳು. “ಕೈ... ಗಳು. ಯ... ರ್ರ... ಮ್ಮ.” ಯರ್ರಮ್ಮನಿಗೆ ಓದು ಬರದು. “ಇನ್ನೊಂದ್ಸಲ ಓದೇ,” ಅಂದರು. ಅಷ್ಟರಲ್ಲಿ ಹೆಸರು ಮೇಲೆ ಹೋಗಿಬಿಟ್ಟಿತ್ತು. ಹರಿಪ್ರಿಯಾ ಬಾಯಿಪಾಠದಿಂದ ಓದಿದಳು. ದೀಪ ಹತ್ತಿದಾಗ ಹೊರಗೆ ಹೋಗಬೇಕಾದವರೆಲ್ಲ ನಮ್ಮ ಸಾಲಿನ ಕಡೆಗೇ ಹತ್ತಿ ಬರುತ್ತಿದ್ದರು, ಆ ಕಾಲೇಜು ಹುಡುಗಿ ಎಲ್ಲರಿಗಿಂತ ಮುಂದೆ. ಯಾರಾದರೂ ಕೈ ನೋಡಬೇಕೆಂದರೆ ಯರ್ರಮ್ಮ ಎರಡೂ ಕಡೆ ತಿರುಗಿಸಿ ತೋರಿಸಿದರು, ಬಳೆಗಾರನಿಗೆ ತೋರಿಸಿದ ಹಾಗೆ.

ಆ ರಾತ್ರಿ ರೂಪಳ ಮನೆಯಲ್ಲಿ ಉಳಿದು ಬೆಳಿಗ್ಗೆ ಹೊರಟೆವು. ಚಳ್ಳಕೆರೆಯಲ್ಲಿ ಬಸ್ಸು ಬದಲಾಯಿಸಬೇಕಿತ್ತು. ಬಿಸಿಲು ನೆತ್ತಿಗೆ ಬಂದಿತ್ತು, ಮೊಳಕಾಲ್ಮೂರು ಬಸ್ಸು ಇನ್ನೂ ಬಂದಿರಲಿಲ್ಲ. ಹರಿಪ್ರಿಯಾ ಕಲ್ಲುಬೆಂಚಿನ ಮೇಲೆ ಕೂತು ಕಡ್ಲೆಕಾಯಿ ಸುಲಿಯುತ್ತಿದ್ದಳು. ಯರ್ರಮ್ಮ ಕೊರಳಿನ ಪಾಸು ಇನ್ನೂ ತೆಗೆದಿರಲಿಲ್ಲ. ಜಯಕ್ಕ ನೋಡುವ ತನಕ ತೆಗೆಯುವುದಿಲ್ಲವಂತೆ. ಬೆಂಗಳೂರಿನಿಂದ ಇಲ್ಲಿಯ ತನಕ ಬಿಡುವಿಲ್ಲದೆ ಮಾತಾಡಿದವರು ಈಗ ನನ್ನ ಮಡಿಲಲ್ಲಿದ್ದ ಬೊಂಬೆ ತೆಗೆದುಕೊಂಡು ಅದರ ಜಡೆ ತಿರುವಿದರು.

“ಆ ಹುಡುಗಿ ಸ್ವಪ್ನ ಬಿಸಾಕಲಿಲ್ಲ ನೋಡು. ಕೊನೇ ತನಕ ಇಟ್ಕಂಡ್ಳು.”

“ಹೂಂ ಪೆದ್ದಮ್ಮ.”

“ಒಂದು ಕೆಲಸ ಮಾಡ್ಕೊಡ್ತೀಯಾ?”

“ಹೇಳು.”

“ಯಾವತ್ತಾದ್ರೂ ಚೌಡೇಶ ನಿನಗೇ ಅಂತ ಒಂದು ಸೀರೆ ನೇಯ್ತಾನಲ್ಲ. ಮಾರಕ್ಕಲ್ಲ, ನೀನು ಉಡಕ್ಕೆ. ಆವಾಗ ಹಾಸು ಮುಂದಕ್ಕೆ ಎಳ್ಕಬೇಡ್ರಿ. ಹಳೇ ತುದಿಯಿಂದ್ಲೇ ನೇಯಕ್ಕೆ ಶುರು ಮಾಡಕ್ಕೆ ಹೇಳು, ಜೋಡಣೆ ಮೇಲೇ ಹಾದು ಬರಲಿ. ಒಂದೀಟು ಒರಟಾಗ್ತೈತೆ, ಬಣ್ಣ ಬೇರೆ ಆಗ್ತೈತೆ, ಅವನು ಗೊಣಗ್ತಾನೆ. ಗೊಣಗ್ಲಿ ಬಿಡು. ಆ ತುದೀನ ಒಳಗೆ ಸೊಂಟಕ್ಕೆ ಸಿಗ್ಸಿಕೋ, ಯಾರಿಗೂ ಕಾಣಲ್ಲ. ಆದ್ರೆ ಅದೊಂದು ಸೀರೇಲಿ ಮಾತ್ರ ನನ್ನ ಜೋಡಣೆ ಕತ್ತರಿಸಬೇಡ ಅಮ್ಮಾಯಿ.”